ಮಂದದಲ್ಲಿ ನಿಂತ ಹಡಗು

ಕಿವಾನಿ, ವಿಸ್ಕಾನ್ಸಿನ್
ಮೇ ೨೭, ೧೯೮೬

ಜೋನಿ,

ನೀನು ಮೊಂಟಾನಾದ ಯಾವುದೋ ಗುಡ್ಡದ ನೆತ್ತಿಯಲ್ಲಿ ಕೂತು, ಕಾಡಿಗೆ ಬೆಂಕಿ ಬಿದ್ದೀತೇ ಎಂದು ಕಾಯುತ್ತಿದ್ದೀಯಂತೆ. ಅರಣ್ಯ ಕಚೇರಿಯ ಹುಡುಗಿ ಫೋನಿನಲ್ಲಿ ಹೇಳಿದಳು. "ಹದಿನೈದು ದಿನಕ್ಕೊಂದ್ಸಲ ಹೇಸರಗತ್ತೆ ಮೇಲೆ ಸಾಮಾನು, ಟಪಾಲು ಹೋಗುತ್ತೆ. ಅವಸರದ್ದಾದ್ರೆ ಹೇಳಿ, ರೇಡಿಯೋದಲ್ಲಿ ಕರೀತೀವಿ" ಅಂದಳು. ಅವಸರದ್ದೇನಿಲ್ಲ ಅಂದೆ. ಇದೆ.

ನಿನ್ನ ಆಟದವರ ಕಾಗದಗಳು ನಿಂತಿಲ್ಲ. ಊಟದ ಮೇಜಿನ ಮೇಲೆ ಈಗ ಊಟಕ್ಕೆ ಜಾಗವಿಲ್ಲ. ಟಪಾಲಿನವನು ನನ್ನನ್ನು ಒಂಥರಾ ನೋಡುತ್ತಾನೆ. ಮೊನ್ನೆ ಕೂತು ಎಲ್ಲವನ್ನೂ ಒಡೆದು ಓದಿದೆ. ನನಗೆ ಅರ್ಥವಾದದ್ದು ಇಷ್ಟು. ದೇಶದ ಮೂಲೆಮೂಲೆಯ ನಲವತ್ತು ಜನ, ಒಬ್ಬೊಬ್ಬರೂ ಒಂದೊಂದು ಹಡಗಿನ ಕ್ಯಾಪ್ಟನ್. ನನ್ನ ಹಡಗು ಆ ಕಡೆ ಹೋಗಲಿ, ಇಂಥದ್ದು ಮಾಡಲಿ ಎಂದು ತಿಂಗಳಿಗೊಮ್ಮೆ ನಿನಗೆ ಬರೆಯುತ್ತಾರೆ. ನೀನು ಎಲ್ಲರ ಮಾತನ್ನೂ ನಕಾಶೆಯ ಮೇಲೆ ಕೂಡಿಸಿ, ಯಾರಿಗೆ ಏನಾಯಿತೆಂದು ತಿರುಗಿ ಬರೆಯುತ್ತೀಯ. ಹಡಗುಗಳು ಹೋಗುವುದು ನೀರಿನ ಮೇಲಲ್ಲ, ನಕ್ಷತ್ರ ನಕ್ಷತ್ರಗಳ ನಡುವೆ. ಅಲ್ಲಿ ತುಂಬಿಕೊಂಡಿರುವ ವಸ್ತುವಿಗೆ ನೀನಿಟ್ಟ ಹೆಸರು ಮಂದ.

ಫೆಬ್ರವರಿಯಲ್ಲಿ ನಿಮ್ಮಪ್ಪ ಹೋದ ಮೇಲೆ ನೀನು ಒಬ್ಬರಿಗೂ ಉತ್ತರ ಬರೆದಿಲ್ಲ. ಹೇಳದೆ ಕೇಳದೆ ಹೊರಟೂಬಿಟ್ಟೆ. ಅದನ್ನು ಈಗ ಎತ್ತುವುದಿಲ್ಲ. ಆದರೆ ಕಾದು ಕೂತವರನ್ನು ಕಾಯಿಸುವುದು ನನಗೆ ಆಗದ ಕೆಲಸ. ಶಾಲೆಗೆ ಬೇಸಿಗೆ ರಜೆ ಬಂತು, ನಾನು ಓಡಿಸುವ ಬಸ್ಸು ಶೆಡ್ಡು ಸೇರುತ್ತದೆ. ಈ ತಿಂಗಳ ಉತ್ತರಗಳನ್ನು ನಾನೇ ಬರೆಯುತ್ತೇನೆ.

ಒಂದು ವಿಷಯ ಹೇಳು. ನೆಬ್ರಾಸ್ಕಾದ ಟಂಕ್ ಎಂಬ ಹಲ್ಲಿನ ಡಾಕ್ಟರು ಮಂದದ ನಡುವೆ ಒಲೆ ಹಚ್ಚಿ ಬಂಗಡೆಯಂಥ ಏನನ್ನೋ ಹುರಿಯಬೇಕೆನ್ನುತ್ತಾರೆ. ಹಚ್ಚಬಹುದೇ?

ನಿನ್ನ ಅಮ್ಮ,
ಲವಾನ್


ಗ್ರೇಹಾರ್ಸ್ ಗುಡ್ಡ
ಜೂನ್ ೧೪

ಅಮ್ಮ,

ನನ್ನ ಪೆಟ್ಟಿಗೆಗಳನ್ನು ಬಿಚ್ಚಲು ನಿನಗೆ ಹೇಳಿದವರು ಯಾರು? ಆಟ ಮುಗಿಯಿತು ಎಂದು ಎಲ್ಲರಿಗೂ ಒಂದೊಂದು ಕಾರ್ಡು ಬರೆದು ಹಾಕು. ಅಷ್ಟು ಸಾಕು.

ಇಲ್ಲಿ ನಾನು ಚೆನ್ನಾಗಿದ್ದೇನೆ. ಕಂಬಗಳ ಮೇಲೆ ನಾಲ್ಕೂ ಕಡೆ ಗಾಜಿರುವ ಒಂದೇ ಕೋಣೆ. ಬೆಳಗಿನಿಂದ ಸಂಜೆವರೆಗೆ ಹೊಗೆ ಹುಡುಕುವುದು ಕೆಲಸ. ಸಾಮಾನು ತರುವ ಆರ್ವಿಲ್ ಎಂಬ ಮುದುಕ ನನಗಿಂತ ಹೆಚ್ಚಾಗಿ ತನ್ನ ಹೇಸರಗತ್ತೆಗಳ ಜೊತೆ ಮಾತಾಡುತ್ತಾನೆ. ಅದು ನನಗೆ ಹಿತವಾಗಿದೆ.

ಮಂದದಲ್ಲಿ ಬೆಂಕಿ ಹತ್ತುವುದಿಲ್ಲ. ಡಾಕ್ಟರಿಗೆ ಇದನ್ನು ಎಷ್ಟೋ ಸಲ ಹೇಳಿದ್ದೇನೆ. ತಣ್ಣಗಿನದ್ದನ್ನೇ ತಿನ್ನಬೇಕು. ಬೆಳಕು ಅಲ್ಲಿ ಓಡುವುದಿಲ್ಲ, ನಡೆಯುತ್ತದೆ. ಹಾಗಾಗಿ ದೂರದ ಬಂದರಿನ ಬೆಳಕು ಕಂಡಿತೆಂದು ಆ ಬಂದರು ಈಗಲೂ ಇದೆ ಎಂದು ನಂಬುವ ಹಾಗಿಲ್ಲ. ಮಂದದ ಬಣ್ಣ ಜೇನಿನದು, ಮುಟ್ಟಿದರೆ ಉಗುರುಬೆಚ್ಚಗೆ. ಎಲ್ಲಕ್ಕಿಂತ ಮುಖ್ಯವಾದದ್ದು, ಹಡಗು ನಿಲ್ಲಬಾರದು. ನಿಂತರೆ ಸುತ್ತಲಿನ ಮಂದ ಮೊಸರಿನಂತೆ ಹೆಪ್ಪುಗಟ್ಟುತ್ತದೆ. ಆಮೇಲೆ ಅದು ಅಲುಗುವುದಿಲ್ಲ.

ಇದನ್ನು ಬರೆದದ್ದು ನಿನಗೆ ಗೊತ್ತಿರಲಿ ಎಂದು, ಆಟ ಮುಂದುವರಿಸಲು ಅಲ್ಲ.

ಜೋನಿ


ಕಿವಾನಿ
ಜೂನ್ ೩೦

ಜೋನಿ,

ನಿಲ್ಲಿಸಲಿಲ್ಲ. ನಿನ್ನ ಕಾಗದ ಬರುವ ಮೊದಲೇ ನಲವತ್ತೂ ಉತ್ತರಗಳು ಹೋಗಿಯಾಗಿದ್ದವು. ಡೆಲೋರಿಸ್ ಚಿಕ್ಕಮ್ಮ ಟೈಪು ಮಾಡಿಕೊಟ್ಟಳು. ಅವಳಿಗೆ ಹಡಗುಗಳಿಗಿಂತ ಹಡಗಿನವರ ಊಟದ ಚಿಂತೆ. "ಒಲೆ ಹಚ್ಚಬಹುದೋ ಇಲ್ವೋ ಗೊತ್ತಿಲ್ಲ, ಅಲ್ಲೀ ತನಕ ಆ ಜನ ಬದುಕೋದು ಹೇಗೆ ಲವಾನ್? ಬಂದರಲ್ಲೇ ಸುಟ್ಟು ಕೊಲಾಚೆ ಕಟ್ಕೊಂಡು ಹೋಗ್ಲಿ, ವಾರಗಟ್ಟಲೆ ಇರುತ್ತೆ" ಅಂದಳು. ಸರಿ, ಡಾಕ್ಟರರ ಹಡಗಿಗೆ ಒಂದು ಪೀಪಾಯಿ ತುಂಬ ಪ್ಲಮ್ ಹಣ್ಣು ತುಂಬಿದ ಕೊಲಾಚೆ ಬನ್ನು ಕೊಟ್ಟೆ. ಅವರು ಖುಷಿಯಾಗಿ ಬರೆದಿದ್ದಾರೆ. ನಿನ್ನ ಕಾಲದಲ್ಲಿ ಇಂಥ ಉಪಚಾರ ಇರಲಿಲ್ಲವಂತೆ.

ಅಯೋವಾದ ಸಿಸ್ಟರ್ ಬರ್ನಡೀನ್ ಯಾರು ಎಂದು ನೀನು ನನಗೆ ಹೇಳಬೇಕಿತ್ತು. ಸನ್ಯಾಸಿನಿ, ಹುಡುಗಿಯರ ಶಾಲೆಯಲ್ಲಿ ಗಣಿತದ ಟೀಚರು, ಮಂದದಲ್ಲಿ ಅವರಷ್ಟು ಕಟುಕ ಕಡಲುಗಳ್ಳರು ಇನ್ನೊಬ್ಬರಿಲ್ಲ! ಕಳೆದ ವರ್ಷ ಹದಿನಾರು ಹಡಗು ದೋಚಿದ್ದಾರೆ. ನನಗೆ ತಡೆಯಲಾಗಲಿಲ್ಲ, ಫೋನು ಮಾಡಿದೆ.

"ಸಿಸ್ಟರ್, ಕದಿಯೋದು ಪಾಪ ಅಲ್ವಾ?" ಅಂದೆ.

"ಕದ್ದಿದ್ದನ್ನ ಪ್ರತಿ ಶನಿವಾರ ಫಾದರ್ ಹತ್ರ ಒಪ್ಪಿಕೊಳ್ತೀನಮ್ಮ. ಅವರೂ ಈಗ ನಕಾಶೆ ಕೇಳ್ತಾ ಇದಾರೆ" ಅಂದರು.

ಅವರು ಇನ್ನೊಂದು ಮಾತು ಹೇಳಿದರು. ಎರಡು ನಕ್ಷತ್ರಗಳ ನಡುವೆ, ದಾರಿಯೇ ಅಲ್ಲದ ಕಡೆ, ಹೆಪ್ಪುಗಟ್ಟಿ ನಿಂತ ಒಂದು ಹಡಗು ನಿನ್ನ ಕೊನೆಯ ಉತ್ತರದಲ್ಲಿ ಅವರಿಗೆ ಸಿಕ್ಕಿತ್ತಂತೆ. ಅದರ ಪಕ್ಕೆಯ ಮೇಲೆ ಹಳದಿ ಬಣ್ಣದಲ್ಲಿ ಬರೆದ ಹೆಸರು "ನಿಧಾನಿ ಲವಾನ್". ನಾನು ಫೋನು ಹಿಡಿದುಕೊಂಡೇ ಕುರ್ಚಿಯಲ್ಲಿ ಕೂತೆ. ಒಳಗಿನ ಜನ ಬದುಕಿದ್ದಾರೋ ಇಲ್ಲವೋ ಎಂದು ಸಿಸ್ಟರ್ ಕೇಳುತ್ತಿದ್ದಾರೆ. ಮುಂದಿನ ಸರದಿಯಲ್ಲಿ ನಾನು ಉತ್ತರ ಹೇಳಬೇಕು.

ಈ ಊರಲ್ಲಿ ನನ್ನಷ್ಟು ಜೋರಾಗಿ ಬಸ್ಸು ಓಡಿಸುವವರಿಲ್ಲ ಎಂದು ಶಾಲೆಯವರು ಎರಡು ಸಲ ಎಚ್ಚರಿಕೆ ಕೊಟ್ಟಿದ್ದಾರೆ. ನನ್ನನ್ನು ನಿಧಾನಿ ಎಂದವರು ಯಾರು? ನೀನೋ?

ಅಮ್ಮ


ಗ್ರೇಹಾರ್ಸ್ ಗುಡ್ಡ
ಜುಲೈ ೧೩

ಅಮ್ಮ,

ನಾನಲ್ಲ. ಅಪ್ಪ.

ಅದು ಅಪ್ಪನ ಹಡಗು. ಎರಡು ವರ್ಷ ಆಡಿದ. ರೈಲುಡಬ್ಬಿ ಹೊತ್ತು ಸರೋವರ ದಾಟುವ ಹಡಗಿನಲ್ಲಿ ಪಾಳಿ ಮುಗಿಸಿ, ಆಚೆ ದಡದ ಮಿಶಿಗನ್‌ನಿಂದ ಅಂಚೆಗೆ ಹಾಕುತ್ತಿದ್ದ. ಒಂದೇ ಮನೆಯಲ್ಲಿದ್ದೂ! "ಕೈಗೆ ಕೊಟ್ಟರೆ ನೀನು ಮಗಳಾಗಿ ಓದ್ತೀಯ. ಅಂಚೇಲಿ ಬಂದ್ರೆ ಸರಿಯಾಗಿ ಸೋಲಿಸ್ತೀಯ" ಅನ್ನುತ್ತಿದ್ದ. ಕ್ಯಾಪ್ಟನ್ ವೊಡ್ನಿಕ್ ಎಂದು ಹೆಸರಿಟ್ಟುಕೊಂಡಿದ್ದ. ಅವನು ಎಂಜಿನ್ ಕೋಣೆಯವನು ಎಂದು ಯಾವ ಆಟಗಾರರಿಗೂ ಗೊತ್ತಿರಲಿಲ್ಲ. ಹಡಗಿನ ಹೆಸರು ಕೇಳಿದರೆ ನೀನು ನಗುತ್ತೀಯೋ ಬೈಯುತ್ತೀಯೋ ಎಂದು ಬಹಳ ದಿನ ಲೆಕ್ಕ ಹಾಕಿ, ಹೇಳುವುದೇ ಬೇಡ ಎಂದು ತೀರ್ಮಾನಿಸಿದ.

ಜನವರಿಯಲ್ಲಿ ಹಗ್ಗ ಬದಲಿಸಲು ಒಂದು ಸರದಿ ನಿಲ್ಲುತ್ತೇನೆ, ಮುಂದಿನ ಸರದಿಗೆ ಹೊರಡುತ್ತೇನೆ ಎಂದು ಬರೆದಿದ್ದ. ಆಮೇಲೆ ಆಸ್ಪತ್ರೆ. ಹೊರಡು ಎಂಬ ಮಾತು ಬರಲೇ ಇಲ್ಲ. ನಿಯಮದಂತೆ ಹಡಗು ಹೆಪ್ಪುಗಟ್ಟಿತು.

ಹೆಪ್ಪಿನೊಳಗಿನ ಜನ ಏನಾಗುತ್ತಾರೆಂದು ನಾನು ಎಲ್ಲೂ ಬರೆದಿಲ್ಲ. ಬರೆಯುವುದೂ ಇಲ್ಲ. ಸಿಸ್ಟರಿಗೆ ಏನೂ ಉತ್ತರ ಕೊಡಬೇಡ. ಆ ಹಡಗನ್ನು ಮುಟ್ಟಬೇಡ. ಅದು ಹಾಗೇ ಇರಲಿ, ಅಷ್ಟೇ. ನಿನಗೆ ಎಲ್ಲವನ್ನೂ ಬೇಗ ಬೇಗ ಮುಗಿಸಿ ಕೈ ಒರೆಸಿಕೊಳ್ಳಬೇಕು. ಮಣ್ಣು ಮಾಡಿ ಒಂದು ವಾರವಾಗಿರಲಿಲ್ಲ, ಅವನ ಅಂಗಿಗಳೆಲ್ಲ ಮನೆಯಿಂದ ಹೋಗಿದ್ದವು. ಇದೊಂದನ್ನಾದರೂ ಬಿಡು.

ಜೋನಿ


ಕಿವಾನಿ
ಜುಲೈ ೨೯

ಜೋನಿ,

ನಿನ್ನ ಕಾಗದವನ್ನು ಹಿಂದಿನ ಮೆಟ್ಟಿಲ ಮೇಲೆ ಕೂತು ಓದಿದೆ. ಮೊದಲು ನಕ್ಕೆ. ನಿಮ್ಮಪ್ಪನ ಲೆಕ್ಕ ಯಾವಾಗಲೂ ತಪ್ಪು, ನಾನು ಬೈಯುತ್ತಲೇ ಇರಲಿಲ್ಲ. ಆಮೇಲೆ ಡೆಲೋರಿಸ್ ಬಂದು ಪಕ್ಕದಲ್ಲಿ ಕೂತಳು. ತನ್ನ ಕರವಸ್ತ್ರ ನನ್ನ ಕೈಗಿಟ್ಟಳು.

ನಾನು ಸಿಸ್ಟರಿಗೆ ಉತ್ತರ ಕೊಟ್ಟಿದ್ದೇನೆ. ನೀನು ಬೇಡವೆಂದದ್ದು ತಿಳಿದೇ ಕೊಟ್ಟಿದ್ದೇನೆ. ಬರೆದದ್ದು ಹೀಗೆ: "ನೀವು ಹಡಗಿನ ಪಕ್ಕೆಗೆ ಕಿವಿಯಿಟ್ಟಿರಿ. ಒಳಗೆ ಯಾರೋ ಸುತ್ತಿಗೆಯಿಂದ ಬಡಿಯುತ್ತಿದ್ದಾರೆ. ಹಡಗಿನವರು ಬದುಕಿದ್ದಾರೆ, ಹಸಿದಿದ್ದಾರೆ. ಅವರ ಕ್ಯಾಪ್ಟನ್ ತೀರಿಕೊಂಡಿದ್ದಾರೆ."

ಈಗ ನನ್ನ ಮಾತು ಕೇಳು. ಆಸ್ಪತ್ರೆಯ ಕೊನೆಯ ವಾರ ನನ್ನ ಎಮಿಲ್ ಇದ್ದೂ ಇಲ್ಲದ ಹಾಗೆ ಮಲಗಿದ್ದ. ಯಂತ್ರ ಉಸಿರಾಡುತ್ತಿತ್ತು, ಅವನಲ್ಲ. ನೀನು ಬಾಗಿಲ ತನಕ ಬಂದು, ನೋಡಿ, ತಿರುಗಿ ಹೋಗುತ್ತಿದ್ದೆ. ಅದಕ್ಕೆ ನಾನು ಏನೂ ಅನ್ನಲಿಲ್ಲ, ಈಗಲೂ ಅನ್ನುವುದಿಲ್ಲ. ಆದರೆ ಕೈ ಹಿಡಿದು ಕೂತಿದ್ದವಳು ನಾನು. "ಲವಾನ್, ನೀವೇ ಹೇಳಬೇಕು" ಎಂದು ಡಾಕ್ಟರು ಕೇಳಿದಾಗ, ಸಾಕು ಎಂದು ಹೇಳಿದವಳೂ ನಾನು. ಅಂಥ ಸ್ಥಿತಿಯಲ್ಲಿ ಅವನನ್ನು ಇನ್ನೊಂದು ಸಲ ಇಡುವುದಿಲ್ಲ. ಕಾಗದದ ಮೇಲೂ ಇಡುವುದಿಲ್ಲ. ನಕ್ಷತ್ರಗಳ ನಡುವೆಯೂ ಇಡುವುದಿಲ್ಲ.

ಕೋಪ ಮಾಡಿಕೋ. ನಿನಗೆ ಆ ಹಕ್ಕಿದೆ. ಅಂಗಿಗಳನ್ನು ಕೊಟ್ಟದ್ದೂ ನಾನೇ. ಯಾಕೆಂದು ಕೇಳಿದ್ದರೆ ಹೇಳುತ್ತಿದ್ದೆ. ನೀನು ಕೇಳಲಿಲ್ಲ, ಬಾಗಿಲು ಬಡಿದು ಹೋದೆ.

ಇಲ್ಲಿ ರುಬಾರ್ಬ್ ದಂಟು ಮುಗಿಯಿತು, ಚೆರ್ರಿ ಬಂದಿದೆ. ಒಣಗಿಸಿದ್ದನ್ನು ಒಂದು ಡಬ್ಬಿ ಕಳಿಸಿದ್ದೇನೆ. ಆರ್ವಿಲ್‌ಗೂ ಕೊಡು, ಹೇಸರಗತ್ತೆಗೆ ಬೇಡ.

ಅಮ್ಮ


ಕಿವಾನಿ
ಆಗಸ್ಟ್ ೨೩

ಜೋನಿ,

ನಿನ್ನಿಂದ ಕಾಗದವಿಲ್ಲ. ಚೆರ್ರಿ ತಲುಪಿತೋ ಇಲ್ಲವೋ ಗೊತ್ತಿಲ್ಲ. ಮೊಂಟಾನಾದಲ್ಲಿ ಕಾಡು ಹತ್ತಿದೆ ಎಂದು ಪೇಪರಿನಲ್ಲಿದೆ. ನಿನ್ನ ಗುಡ್ಡದ ಹೆಸರಿಲ್ಲ. ಅರಣ್ಯ ಕಚೇರಿಯ ಫೋನು ಯಾವಾಗಲೂ ಬಿಡುವಿಲ್ಲ ಅನ್ನುತ್ತದೆ. ನಾನು ಹೆದರುವ ಹೆಂಗಸಲ್ಲ, ನಿನಗೆ ಗೊತ್ತು. ಆದರೂ ನೀನು ಚೆನ್ನಾಗಿದ್ದೇನೆ ಎಂದಷ್ಟೇ ಬರೆದು ಹಾಕು. ಬೈದೇ ಬರೆ, ಪರವಾಗಿಲ್ಲ.

ಇಲ್ಲಿ ಏನಾಗಿದೆ ಕೇಳು. ಸಿಸ್ಟರ್ ಬರ್ನಡೀನ್ ಎಲ್ಲ ಕ್ಯಾಪ್ಟನ್‌ಗಳಿಗೂ ಬರೆದಿದ್ದಾರೆ. ಈ ತಿಂಗಳ ಟಪಾಲು ಒಡೆದರೆ, ವ್ಯಾಪಾರವಿಲ್ಲ, ಜಗಳವಿಲ್ಲ. ಮೂವತ್ತೊಂದು ಹಡಗುಗಳು ತಮ್ಮ ದಾರಿ ಬಿಟ್ಟು "ನಿಧಾನಿ ಲವಾನ್" ಕಡೆ ಮುಖ ಮಾಡಿವೆ. ಹಲ್ಲಿನ ಡಾಕ್ಟರು ಉಳಿದ ಕೊಲಾಚೆಯನ್ನೆಲ್ಲ ಒಳಗಿನವರಿಗೆಂದು ಎತ್ತಿಟ್ಟಿದ್ದಾರಂತೆ. ಎಮಿಲ್‌ನನ್ನು ಇವರಲ್ಲಿ ಒಬ್ಬರೂ ಕಂಡವರಲ್ಲ.

ಈ ಸಲ ಸಿಸ್ಟರೇ ಫೋನು ಮಾಡಿದ್ದರು.

"ನೋಡಿ ಲವಾನ್, ಅಷ್ಟೂ ಹಡಗು ಅದರ ಸುತ್ತ ಬಿಡದೆ ಸುತ್ತು ಹಾಕಿದ್ರೆ ಮಂದ ಕಡೆದ ಹಾಗಾಗುತ್ತೆ. ಹೆಪ್ಪು ಒಡೀಬೇಕು. ಒಡಿಯುತ್ತೋ ಇಲ್ವೋ?"

"ಒಡೀದಿದ್ರೆ?"

"ಸುತ್ತೋ ಜಾಗ ಇಕ್ಕಟ್ಟು. ಯಾರಾದ್ರೂ ಸ್ವಲ್ಪ ನಿಂತರೂ ನಾವೂ ಅಲ್ಲೇ ಹೆಪ್ಪು. ಎಲ್ಲರಿಗೂ ಗೊತ್ತು, ಆದ್ರೂ ಬರ್ತಾ ಇದಾರೆ."

ಒಡೆಯುತ್ತದೆ ಎಂದು ನಾನೇ ಹೇಳಿಬಿಡಬಹುದಿತ್ತು. ಹೇಳಲಿಲ್ಲ. ಯಾರು ಸತ್ತರು, ಯಾರು ಬದುಕಿದ್ದಾರೆ ಎನ್ನುವುದು ನನಗೆ ಗೊತ್ತಿತ್ತು, ಹೇಳಿದೆ. ಮಂದ ಏನು ಮಾಡುತ್ತದೆ ಎನ್ನುವುದು ನನಗೆ ಗೊತ್ತಿಲ್ಲ. ಅದನ್ನು ಮಾಡಿದವಳು ನೀನು. ನೀನು ಹೇಳಿದ ಹಾಗೆ ಬರೆಯುತ್ತೇನೆ, ಒಡೆಯುವುದಿಲ್ಲ ಎಂದರೂ.

ಅಮ್ಮ


ಮಿಸೂಲಾ, ಮೊಂಟಾನಾ
ಸೆಪ್ಟೆಂಬರ್ ೯

ಅಮ್ಮ,

ಚೆನ್ನಾಗಿದ್ದೇನೆ. ಕೂದಲು ಸ್ವಲ್ಪ ಸುಟ್ಟಿದೆ, ಅಷ್ಟೇ. ನಿನ್ನ ಎರಡೂ ಕಾಗದಗಳು ಒಟ್ಟಿಗೆ ಸಿಕ್ಕವು. ಮೊದಲನೆಯದು ಆರ್ವಿಲ್‌ನ ಚೀಲದಲ್ಲೇ ಉಳಿದಿತ್ತು. ಚೆರ್ರಿ ಸಿಗಲಿಲ್ಲ. ಹೇಸರಗತ್ತೆಯನ್ನು ಕೇಳಬೇಕು.

ಬೆಂಕಿಯನ್ನು ಮೊದಲು ಕಂಡವಳು ನಾನೇ. ಕಣಿವೆಯಲ್ಲಿ ಸಿಗರೇಟಿನ ಹೊಗೆಯಷ್ಟು ಎದ್ದಿತ್ತು. ರೇಡಿಯೋದಲ್ಲಿ ಹೇಳಿದೆ, ಆರಿಸುವವರು ಬಂದು ಇಳಿದರು. ಮಾರನೆಯ ಮಧ್ಯಾಹ್ನ ಗಾಳಿ ತಿರುಗಿತು. ಒಂಬತ್ತು ಜನ ಕೆಳಗಿನ ಹಳ್ಳದಲ್ಲಿ ಸಿಕ್ಕಿಬಿದ್ದರು. ಅವರಿಗೆ ಹೊಗೆಯಲ್ಲಿ ತಮ್ಮ ಕೈ ತಮಗೆ ಕಾಣುತ್ತಿರಲಿಲ್ಲ. ನನಗೆ ಮೇಲಿನಿಂದ ಹೊಗೆಯ ಹಿಂದಿನ ಬೋಳುಬಂಡೆ ಕಾಣುತ್ತಿತ್ತು. "ಇಳಿದು ಬಾ ಸ್ಕಾರ್ಡಾ, ಬೆಂಕಿ ನಿನ್ನ ಗುಡ್ಡಕ್ಕೂ ಬರ್ತಾ ಇದೆ" ಎಂದು ಕಚೇರಿಯವರು ಕೂಗಿದರು. ನಾನು ಇಳಿಯಲಿಲ್ಲ. ಅವರಿಗೆ ರೇಡಿಯೋದಲ್ಲಿ ದಾರಿ ಹೇಳುತ್ತಾ ಕೂತೆ. ಎಡಕ್ಕೆ, ಇನ್ನೂ ಎಡಕ್ಕೆ, ನಿಲ್ಲಬೇಡಿ, ತೆವಳಿಯಾದರೂ ಬನ್ನಿ. ಗಾಜು ಮುಟ್ಟಲಾಗದಷ್ಟು ಕಾದಿತ್ತು. ಒಂಬತ್ತೂ ಜನ ಬಂಡೆಯ ಮೇಲೆ ಬಂದದ್ದನ್ನು ನೋಡಿ ಇಳಿದೆ. ಆರ್ವಿಲ್ ಕೆಳಗೇ ಕಾಯುತ್ತಿದ್ದ. ಹೋಗು ಎಂದು ನಾನು ಆಗಲೇ ಹೇಳಿಯಾಗಿತ್ತು. ಅವನು ಹೋಗಿರಲಿಲ್ಲ.

ಆ ತಂಡದ ಮುಖಂಡ ಆಸ್ಪತ್ರೆಯಲ್ಲಿ ನನ್ನ ಕೈ ಹಿಡಿದು, "ಏನೂ ಕಾಣ್ತಿರಲಿಲ್ಲ ತಾಯಿ, ನಿನ್ನ ದನಿ ಹಿಡ್ಕೊಂಡೇ ನಡೆದ್ವಿ" ಅಂದ. ಅಲ್ಲಿಂದ ಹೊರಗೆ ಬಂದು ನಿನ್ನ ಕಾಗದಗಳನ್ನು ಓದಿದೆ. ಒಳಗೆ ಯಾರೋ ಬಡಿಯುತ್ತಿದ್ದಾರೆ ಎಂಬಲ್ಲಿಗೆ ಬಂದಾಗ ಅಳು ಬಂತು. ಅಮ್ಮ, ಅಪ್ಪ ಅಲ್ಲೇ ಇರಲಿ ಎಂದು ನಾನು ಆ ಹಡಗನ್ನು ನಿಲ್ಲಿಸಿಟ್ಟಿದ್ದೆ. ಅದರೊಳಗೆ ಬೇರೆಯವರೂ ಇದ್ದಾರೆಂದು ನನಗೆ ಹೊಳೆದೇ ಇರಲಿಲ್ಲ.

ಒಡೆಯುತ್ತದೆ. ಕಡೆದರೆ ಮಂದ ತೆಳ್ಳಗಾಗುತ್ತದೆ. ಹಾಗೆಂದು ಬರೆ. ಆದರೆ ಸುಲಭ ಮಾಡಬೇಡ. ಒಂದೆರಡು ಹಡಗಿನ ಹಾಯಿಪಟ ಹರಿಯಲಿ.

ಚಳಿಗಾಲಕ್ಕೆ ಇಲ್ಲಿಯ ಕಚೇರಿಯಲ್ಲೇ ಕೆಲಸ ಕೊಟ್ಟಿದ್ದಾರೆ. ಒಪ್ಪಿಕೊಂಡೆ. ಮನೆಗೆ ಬರಲಾರೆ ಎಂದಲ್ಲ. ಇದು ನನಗೆ ಬರುವ ಕೆಲಸ ಎಂದು.

ಈಗ ಕೇಳುತ್ತಿದ್ದೇನೆ. ಅಂಗಿಗಳನ್ನು ಯಾಕೆ ಕೊಟ್ಟೆ?

ನಿನ್ನ
ಜೋನಿ


ಕಿವಾನಿ
ಅಕ್ಟೋಬರ್ ೧೨

ಜೋನಿ, ನನ್ನ ಬಂಗಾರ,

ಒಂಬತ್ತು ಜನರ ಸಂಗತಿಯನ್ನು ಡೆಲೋರಿಸ್ ಶುಕ್ರವಾರದ ಮೀನೂಟದಲ್ಲಿ ಇಡೀ ಹೋಟೆಲಿಗೆ ಓದಿ ಹೇಳಿದಳು. ನಾನು ತಡೆಯಲಿಲ್ಲ.

ಅಂಗಿಗಳನ್ನು ಅವರೇ ಕೇಳಿದ್ದರು. ಎಂಜಿನ್ ಕೋಣೆಯವರು. ಮಣ್ಣಾದ ಮೂರನೆಯ ದಿನ ಟೋಪಿ ಕೈಯಲ್ಲಿ ಹಿಡಿದು ಅಡುಗೆಮನೆಯಲ್ಲಿ ನಿಂತರು. "ಎಮಿಲ್ ಇಲ್ಲದೆ ಮೊದಲ ಸಲ ಹೊರಡ್ತಾ ಇದೀವಿ ಲವಾನ್. ಒಂದೊಂದು ಕೆಲಸದ ಅಂಗಿ ಕೊಡ್ತೀಯಾ?" ಅಂದರು. ಬೀರು ತೆಗೆದು ಎಲ್ಲವನ್ನೂ ಕೊಟ್ಟೆ. ಹಿಮ ಬೀಳುತ್ತಿತ್ತು. ಬಂದರಿನ ಕಟ್ಟೆಯ ಮೇಲೆ ನಿಂತು ನೋಡಿದೆ. ಎಲ್ಲರೂ ಅವನ ಅಂಗಿ ತೊಟ್ಟು ಮೇಲಿನ ಅಟ್ಟಕ್ಕೆ ಬಂದು ಸಾಲಾಗಿ ನಿಂತು ಹೊರಟರು. ಕುಳ್ಳ ಫ್ರಾಂಕ್‌ಗೆ ಅದು ಮೊಣಕಾಲ ತನಕ ಬರುತ್ತಿತ್ತು. ನೀನು ಪಕ್ಕದಲ್ಲಿ ಇರಬೇಕಿತ್ತು ಅನಿಸಿತು. ನೀನು ಮಹಡಿಯಲ್ಲಿ ಬಾಗಿಲು ಹಾಕಿಕೊಂಡಿದ್ದೆ. ಕರೆಯಲು ಧೈರ್ಯ ಬರಲಿಲ್ಲ.

ಇನ್ನು ಹಡಗಿನ ವಿಷಯ. ಎಲ್ಲರಿಗೂ ಕಳಿಸಿದ್ದನ್ನು ನಿನಗೂ ಬರೆಯುತ್ತೇನೆ:

"ಮೂವತ್ತೊಂದು ಹಡಗುಗಳು ಸುತ್ತಿದವು. ಜೇನಿನ ಬಣ್ಣದ ಮಂದ ಮೊದಲು ಬಿರುಕು ಬಿಟ್ಟಿತು, ಆಮೇಲೆ ನೊರೆಯಾಯಿತು. ಡಾಕ್ಟರ್ ಟಂಕ್ ಅವರ ಎರಡು ಪಟ ಹರಿದವು. ಸಿಸ್ಟರ್ ಬರ್ನಡೀನ್ ಅವರ ಹಡಗು ಒಂದು ಗಳಿಗೆ ನಿಂತೇಹೋಯಿತು. ಹಿಂದಿನ ಹಡಗು ಡಿಕ್ಕಿ ಹೊಡೆದು ಅದನ್ನು ಮುಂದಕ್ಕೆ ನೂಕಿತು. 'ನಿಧಾನಿ ಲವಾನ್' ಅಲುಗಿತು. ಒಳಗಿನವರು ಬಾಗಿಲು ಒಡೆದು ಹೊರಗೆ ಬಂದರು, ತಿಂದರು. ಕ್ಯಾಪ್ಟನ್ ವೊಡ್ನಿಕ್ ಅವರನ್ನು ಅವರ ಜನ ಹಡಗಿನ ಹಳೆಯ ಪಟದಲ್ಲಿ ಸುತ್ತಿ ಮಂದಕ್ಕೆ ಇಳಿಸಿದರು. ಅದು ತೆಳ್ಳಗಿತ್ತು. ಅವರು ನಿಲ್ಲದೆ ಹೋದರು."

ಕೊನೆಯ ಸಾಲನ್ನು ಡೆಲೋರಿಸ್ ಟೈಪು ಮಾಡಲಿಲ್ಲ. ಟೈಪಿನ ಯಂತ್ರವನ್ನು ನನ್ನ ಕಡೆ ತಿರುಗಿಸಿದಳು. ನಾನೇ ಮಾಡಿದೆ.

ಈಗ ಮುಖ್ಯ ಮಾತು. ನಾನು ಈ ಕೆಲಸಕ್ಕೆ ರಾಜೀನಾಮೆ ಕೊಡುತ್ತಿದ್ದೇನೆ. ಶಾಲೆ ಶುರುವಾಗಿದೆ, ಬಸ್ಸು ಓಡಿಸಬೇಕು. ಅಲ್ಲದೆ ಎಲ್ಲರಿಗೂ ಏನಾಯಿತೆಂದು ಹೇಳಿ ಹೇಳಿ ಸಾಕಾಗಿದೆ. ನನಗೂ ಏನಾದರೂ ಆಗಲಿ. ನಿನ್ನ ಮೂರು ಪೆಟ್ಟಿಗೆಗಳನ್ನು ರೈಲಿನಲ್ಲಿ ಮಿಸೂಲಾಕ್ಕೆ ಹಾಕಿದ್ದೇನೆ. ನಕಾಶೆಗಳು ಮೇಲಿವೆ. ಆಟ ನಿನ್ನದು, ನಡೆಸು.

ಕ್ಯಾಪ್ಟನ್ ಇಲ್ಲದ ಹಡಗೊಂದಿದೆ, ಅದರ ಮೇಲೆ ನನ್ನ ಹೆಸರೇ ಇದೆ. ಅದು ನನಗಿರಲಿ. ಬೇಕಾದರೆ ಬೇರೆಯವರನ್ನು ಕೇಳು, ಯಾರೂ ಬೇಡ ಅನ್ನುವುದಿಲ್ಲ. ನನ್ನ ಮೊದಲ ಅಪ್ಪಣೆ: ನಕಾಶೆಯ ಬಲತುದಿಯಲ್ಲಿ ನೀನು ಇನ್ನೂ ಏನನ್ನೂ ಬರೆಯದ ಜಾಗವಿದೆಯಲ್ಲ, ಅಲ್ಲಿಗೆ. ಎಲ್ಲ ಪಟ ಬಿಚ್ಚಿ. ಜೋರಾಗಿ.

ಪ್ರೀತಿಯಿಂದ,
ಕ್ಯಾಪ್ಟನ್ ಲವಾನ್ ಸ್ಕಾರ್ಡಾ


ಮಿಸೂಲಾ
ನವೆಂಬರ್ ೨೦, ೧೯೮೬

ಕ್ಯಾಪ್ಟನ್ ಲವಾನ್ ಸ್ಕಾರ್ಡಾ ಅವರಿಗೆ,

ಪೆಟ್ಟಿಗೆಗಳು ತಲುಪಿವೆ. ನಕಾಶೆಗಳ ಮೇಲೆ ಅಲ್ಲಲ್ಲಿ ಪ್ಲಮ್ ಅಂಟಿದೆ. ಹಿಂದಿನವರು ಆಟ ನಡೆಸಿದ ರೀತಿಯನ್ನು ಎಲ್ಲ ಕ್ಯಾಪ್ಟನ್‌ಗಳೂ ಹೊಗಳಿ ಬರೆದಿದ್ದಾರೆ. ನನ್ನಿಂದ ಅಷ್ಟೊಂದು ಉಪಚಾರ ನಿರೀಕ್ಷಿಸಬೇಡಿ.

ಈ ಸರದಿಯಲ್ಲಿ ನಿಮಗೆ ಆದದ್ದು: ನಿಮ್ಮ ಹಡಗು ಎಲ್ಲ ಪಟ ಬಿಚ್ಚಿ ಬಲಕ್ಕೆ ಹೊರಟಿತು. ಈವರೆಗೆ ಮಂದದಲ್ಲಿ ಯಾವ ಹಡಗೂ ಅಷ್ಟು ವೇಗವಾಗಿ ಹೋಗಿಲ್ಲ. ನಿಮ್ಮ ಜನ ಹಗ್ಗ ಹಿಡಿದು ಕೂಗುತ್ತಿದ್ದರು, ಹೆದರಿಯೋ ಖುಷಿಗೋ ಹೇಳಲಾರೆ. ಬಂದರುಗಳ ಬೆಳಕು ಹಿಂದೆ ಉಳಿಯಿತು. ಮುಂದೆ, ನಾನು ಇನ್ನೂ ಹೆಸರಿಡದ ಒಂದು ನಕ್ಷತ್ರ ಕಾಣುತ್ತಿದೆ. ಅದಕ್ಕೆ ಹೆಸರಿಡುವ ಹಕ್ಕು ಮೊದಲು ಮುಟ್ಟಿದವರದು.

ಆದರೆ ನಿಮ್ಮ ಹಿಂದೆ ಒಂದು ಹಡಗು ಬಂದಿದೆ. ಅದು ನಿಮಗೆ ಗುರುತಿನದೇ. ಸಿಸ್ಟರ್ ಬರ್ನಡೀನ್ ಅವರ ಅಪ್ಪಣೆಯನ್ನು ಇದ್ದ ಹಾಗೇ ಬರೆಯುತ್ತೇನೆ: "ಲವಾನ್ ಮೇಲೆ ನನಗೆ ತುಂಬಾ ಪ್ರೀತಿ. ಅವಳ ಸರಕನ್ನೆಲ್ಲ ದೋಚಿ."

ಅವರ ಕೊಕ್ಕೆಗಳು ನಿಮ್ಮ ಪಕ್ಕೆಗೆ ಬಿದ್ದಿವೆ. ಅವರ ಜನ ಹಲಗೆ ಹಾಕಿ ದಾಟುತ್ತಿದ್ದಾರೆ. ನಿಮ್ಮ ಜನರೆಲ್ಲ ನಿಮ್ಮ ಮುಖ ನೋಡುತ್ತಿದ್ದಾರೆ.

ಕ್ಯಾಪ್ಟನ್, ಈಗ ಏನು ಮಾಡುತ್ತೀರಿ?

ನಿಮ್ಮ ಉತ್ತರಕ್ಕೆ ಕಾಯುತ್ತಾ,
ಜೋನಿ